ಬೋಳು ತಲೆಯಿಂದ ಮುಖದವರೆಗೆ

ನಾನು ಕ್ಯಾಮೆರಾಕ್ಕೆಂದು ಮಾಡಿದ ಮೊಟ್ಟಮೊದಲ ಗಾಯಕ್ಕೆ ಇರುವೆ ಮುತ್ತಿಕೊಂಡಿತು.

ಹೊಡೆದಾಟದಲ್ಲಿ ಸತ್ತುಬಿದ್ದ ರೌಡಿಯ ಅಂಗೈ ಮೇಲೆ ಚಾಕುವಿನ ಗೀರು ಬೇಕಿತ್ತು. ಮೇಣವನ್ನು ಮೆತ್ತಗೆ ಮಾಡಿ ಅಂಗೈಗೆ ಒತ್ತಿ, ನಡುವೆ ಸೀಳಿ, ಒಳಗೆ ನಾನೇ ಕಾಯಿಸಿದ ರಕ್ತ ತುಂಬಿದ್ದೆ. ಆಗ ನಮ್ಮ ರಕ್ತ ಎಂದರೆ ಸಕ್ಕರೆ ಪಾಕ, ಅದಕ್ಕೆ ಮಿಠಾಯಿಗೆ ಹಾಕುವ ಕೆಂಪು ಬಣ್ಣ, ಕಪ್ಪೇರಲಿ ಎಂದು ಚೂರು ಕಾಫಿ ಡಿಕಾಕ್ಷನ್. ಹೆಣವಾಗಿ ಮಲಗಿದ್ದವನು ನಂಜುಂಡ ಎಂಬ ಸಹನಟ. ಹೊಂಗೆ ಮರದ ಕೆಳಗೆ ಶೂಟಿಂಗ್. ನಾಯಕ ಪಕ್ಕದಲ್ಲಿ ನಿಂತು ಉದ್ದನೆಯ ಡೈಲಾಗ್ ಹೇಳುತ್ತಿದ್ದಾನೆ, ಹೆಣದ ಬೆರಳು ಅಲ್ಲಾಡಿತು. ನಿರ್ದೇಶಕರು "ಕಟ್" ಎಂದು ಕೂಗಿದರು.

"ಏನಯ್ಯಾ, ಸತ್ತ ಮೇಲೂ ಕೈ ಆಡಿಸ್ತೀಯ?"

"ಕಚ್ತಾ ಇದಾವೆ ಸಾರ್," ಎಂದು ನಂಜುಂಡ ಅಂಗೈ ಎತ್ತಿ ತೋರಿಸಿದ. ಮರದ ಬುಡದಿಂದ ಅವನ ಕೈಯವರೆಗೆ ಕೆಂಪಿರುವೆ ಸಾಲುಗಟ್ಟಿತ್ತು.

ನಮ್ಮ ಮೇಕಪ್ ಚೀಫ್ ಚಿಕ್ಕೇಗೌಡರು ಬಗ್ಗಿ ಅದನ್ನು ನೋಡಿದರು. ಈಗ ಬೈಗುಳ ಬೀಳುತ್ತದೆ ಎಂದು ನಾನು ತಲೆ ತಗ್ಗಿಸಿ ನಿಂತೆ. ಗೌಡರು ಸೊಂಟದ ಮೇಲೆ ಕೈಯಿಟ್ಟು, "ಅಮ್ಮಣ್ಣಿ, ಪಾಕ ಎಳೆ ಚೆನ್ನಾಗಿ ಬಂದೈತೆ. ನಾಳೆಯಿಂದ ಇದಕ್ಕೊಂಚೂರು ಬೇವಿನ ಕಷಾಯ ಹಾಕು," ಎಂದರು.

ಹಾಕಿದೆ. ಇರುವೆ ಬರಲಿಲ್ಲ. ಆದರೆ ಮುಂದಿನ ವಾರ ಖಳನಾಯಕ ಬಾಯಿಂದ ರಕ್ತ ಕಾರುವ ದೃಶ್ಯವಿತ್ತು, ನಾನು ಅದೇ ಬಾಟಲಿಯಿಂದ ಒಂದು ಚಮಚ ಅವರ ಬಾಯಿಗೆ ಹಾಕಿಬಿಟ್ಟೆ. ಅವರ ಮುಖ ಹೇಗೆ ಕಿವುಚಿಕೊಂಡಿತೆಂದರೆ ನಿರ್ದೇಶಕರು ಒಂದೇ ಟೇಕಿನಲ್ಲಿ ಓಕೆ ಮಾಡಿ ಚಪ್ಪಾಳೆ ತಟ್ಟಿದರು. ಖಳನಾಯಕರು ಮಾತ್ರ ನನ್ನೊಡನೆ ಮೂರು ದಿನ ಮಾತಾಡಲಿಲ್ಲ. ಅಂದಿನಿಂದ ನನ್ನ ಪೆಟ್ಟಿಗೆಯಲ್ಲಿ ಯಾವಾಗಲೂ ಎರಡು ಬಾಟಲಿ ರಕ್ತ, ಮೈಗೊಂದು, ಬಾಯಿಗೊಂದು.

ಈಗ ಚಾಮರಾಜಪೇಟೆಯ ನನ್ನ ಮನೆಗೆ ಈ ಕೆಲಸ ಕಲಿಯಬೇಕೆಂಬ ಹುಡುಗಿಯರು ಬರುತ್ತಾರೆ. ಯಾವ ಪ್ರಶಸ್ತಿ ಬಂತು ಮೇಡಂ, ಯಾವ ಸ್ಟಾರ್‌ಗೆ ಮಾಡಿದ್ದೀರಿ ಎಂದು ಕೇಳುತ್ತಾರೆ. ಇರುವೆಯ ವಿಷಯ ಯಾರೂ ಕೇಳುವುದಿಲ್ಲ. ನಿಮ್ಮ ಉಪಯೋಗಕ್ಕೆ ಬರುವುದು ಅದೇ, ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮಪ್ಪನದು ನಗರ್ತಪೇಟೆಯಲ್ಲಿ ನಾಟಕದ ಸಾಮಾನಿನ ಅಂಗಡಿ. ಕಿರೀಟ, ಗದೆ, ಮುತ್ತಿನ ಸರ, ಮುಖಕ್ಕೆ ಹಚ್ಚುವ ಬಣ್ಣ ಎಲ್ಲ ಸಿಗುತ್ತಿತ್ತು. ಗೋಡೆಯ ತುಂಬ ಗಡ್ಡಗಳು ನೇತಾಡುತ್ತಿದ್ದವು. ಅಪ್ಪ ಬೆಳಿಗ್ಗೆ ಲಿಂಗಪೂಜೆ ಮುಗಿಸಿ, ಹಣೆಗೆ ವಿಭೂತಿ ಹಚ್ಚಿ ಬಂದು ಅಂಗಡಿ ತೆಗೆದರೆ ಮೊದಲು ಮಾಡುತ್ತಿದ್ದ ಕೆಲಸ ಆ ಗಡ್ಡಗಳಿಗೆಲ್ಲ ಬಾಚಣಿಗೆ ಹಾಕುವುದು. ತೆಳುವಾದ ಬಲೆಗೆ ಕೊಕ್ಕೆ ಸೂಜಿಯಲ್ಲಿ ಒಂದೊಂದೇ ಕೂದಲು ಗಂಟು ಹಾಕಿ ಮೀಸೆ ಕಟ್ಟುವುದನ್ನು ನಾನು ಅಲ್ಲೇ ಕಲಿತೆ. ಚಿಕ್ಕೇಗೌಡರು ನಮ್ಮ ಗಿರಾಕಿ. ಮಾಗಡಿ ಕಡೆಯ ಹಳ್ಳಿಯಿಂದ ಬಂದು, ನಾಟಕ ಕಂಪನಿಯಲ್ಲಿ ಬಣ್ಣ ಕಲಸಿ, ಸಿನಿಮಾದಲ್ಲಿ ದೊಡ್ಡ ಮೇಕಪ್‌ಮ್ಯಾನ್ ಆದವರು. ಒಂದು ದಿನ ನಾನು ಕಟ್ಟಿದ ಮೀಸೆಯನ್ನು ಬೆಳಕಿಗೆ ಹಿಡಿದು ನೋಡಿ, "ಶರಣ್ರೇ, ನಿಮ್ಮ ಮಗಳ ಕೈ ಚೆನ್ನಾಗೈತೆ. ಸಿನಿಮಾಕ್ಕೆ ಕಳಿಸ್ತೀರಾ?" ಎಂದು ಅಪ್ಪನನ್ನು ಕೇಳಿದರು.

ಅಪ್ಪ ಬೆಚ್ಚಿಬಿದ್ದರು. "ಸಿನಿಮಾದಲ್ಲಿ ಮುಖ ತೋರ್ಸೋಕಾ?"

"ಅಲ್ಲ ಶರಣ್ರೇ, ಬೇರೆಯೋರ ಮುಖ ನೋಡೋಕೆ."

ಹೀಗೆ ಸೇರಿದೆ. ಸೇರಿದ ಮೇಲೆ ಗೊತ್ತಾಯಿತು, ಸಿನಿಮಾ ಮೇಕಪ್‌ನವರ ಸಂಘದಲ್ಲಿ ಹೆಂಗಸರಿಗೆ ಮೇಕಪ್ ಕೆಲಸದ ಕಾರ್ಡ್ ಕೊಡುವುದಿಲ್ಲ. ಹೆಂಗಸರು ಹೇರ್ ಡ್ರೆಸ್ಸರ್ ಆಗಬಹುದು, ಗಂಡಸರು ಮೇಕಪ್‌ಮ್ಯಾನ್. ಯಾಕೆ ಎಂದು ಕೇಳಿದ್ದಕ್ಕೆ ಕಾರ್ಯದರ್ಶಿಗಳು ಹೇಳಿದ್ದು, "ಹಾಗೆ ಪದ್ಧತಿ ಇಲ್ಲಮ್ಮ." ಕಾರ್ಡ್ ಇಲ್ಲದೆ ಮುಖಕ್ಕೆ ಕೈ ಹಚ್ಚಿದರೆ ಶೂಟಿಂಗ್ ನಿಲ್ಲಿಸುತ್ತಾರೆ, ಚೀಫ್‌ನ ಕಾರ್ಡೂ ಹೋಗುತ್ತದೆ.

ಗೌಡರು ನಿಯಮದ ಹಾಳೆಯನ್ನು ಎರಡು ಸಲ ಓದಿಸಿಕೊಂಡರು. "ಮುಖಕ್ಕೆ ಬಣ್ಣ ಹಚ್ಚಬಾರದು ಅಂತೈತೆ. ಕೈಕಾಲಿನ ವಿಚಾರ ಎಲ್ಲೈತೆ?" ಎಂದರು. ಅಂಗೈಯ ಗಾಯ ನನ್ನ ಪಾಲಿಗೆ ಬಂದದ್ದು ಹಾಗೆ. ಆಮೇಲೆ ಬೆನ್ನಿನ ಬಾಸುಂಡೆ, ಮೊಣಕಾಲಿನ ತರಚು, ಕುಷ್ಠರೋಗಿಯ ಬೆರಳು. ಒಂದು ಚಿತ್ರಕ್ಕೆ ಸನ್ಯಾಸಿಯ ಬೋಳು ತಲೆ ಬೇಕಾಯಿತು. ತೆಳು ರಬ್ಬರಿನ ಟೊಪ್ಪಿ ಮಾಡಿ, ಕೂದಲಿನ ಮೇಲೆ ಎಳೆದು, ಹಣೆಯ ಹತ್ತಿರ ಅಂಚು ಕಾಣದಂತೆ ಕೂಡಿಸುವ ಕೆಲಸ. ತಪಾಸಣೆಗೆ ಬಂದ ಕಾರ್ಯದರ್ಶಿಗಳು ಬಾಗಿಲಲ್ಲೇ ನಿಂತು, "ಗೌಡ್ರೇ, ಇದು ಮೇಕಪ್ ಕೆಲಸ, ಈಯಮ್ಮ ಹೇಗೆ ಮಾಡ್ತಾರೆ?" ಎಂದರು.

"ಸ್ವಾಮಿ, ತಲೆಯಲ್ಲಿ ಕೂದಲು ಇರೋದು ಹೇರ್ ಡ್ರೆಸ್ಸರ್ ಕೆಲ್ಸ ತಾನೆ? ಇಲ್ದೇ ಇರೋದೂ ಅವರ ಕೆಲ್ಸಾನೇ," ಎಂದರು ಗೌಡರು.

ಕಾರ್ಯದರ್ಶಿಗಳು ಟೀ ಕುಡಿದು ಹೊರಟುಹೋದರು. ಬೋಳು ತಲೆಯ ನಂತರ ಗಡ್ಡ ಬಂತು, ಗಡ್ಡದ ಹಿಂದೆ ಮೀಸೆ. ಎಲ್ಲವೂ ಕೂದಲೇ. ಹೀಗೆ ನಾನು ತಲೆಯಿಂದ ಇಂಚಿಂಚಾಗಿ ಮುಖಕ್ಕೆ ಇಳಿಯುತ್ತಿದ್ದೆ.

ಹುಬ್ಬಿಗೆ ಇಳಿದದ್ದು ಮಾತ್ರ ನನ್ನ ತಪ್ಪಿನಿಂದ. ಕೆಂಪಣ್ಣ ಎಂಬ ಹಾಸ್ಯನಟರಿಗೆ ಬದನೆಕಾಯಿಯಂಥ ಮೂಗು ಬೇಕಿತ್ತು. ಮೂಗು ಸರಿಯಾಗಿ ಕೂರಬೇಕಾದರೆ ಮೊದಲು ಅವರ ಮುಖದ ಅಚ್ಚು ಬೇಕು. ಮುಖಕ್ಕೆ ವ್ಯಾಸಲೀನ್ ಬಳಿದು, ಮೂಗಿನ ಹೊಳ್ಳೆಗೆ ಎರಡು ಸ್ಟ್ರಾ ಇಟ್ಟು, ಮೇಲೆ ಪ್ಲಾಸ್ಟರ್ ಆಫ್ ಪ್ಯಾರಿಸ್ ಮೆತ್ತುವುದು ಆಗಿನ ಕ್ರಮ. ಗೌಡರು ಕಲಿಸುತ್ತಿದ್ದಾಗ ನಿರ್ದೇಶಕರಿಂದ ಕರೆ ಬಂತು. "ಹುಬ್ಬಿಗೆ ದಪ್ಪಗೆ ಬಳಿ," ಎಂದು ಹೇಳಿ ಹೋದರು. ಬಲಹುಬ್ಬಿಗೆ ದಪ್ಪಗೆ ಬಳಿದೆ. ಅಷ್ಟರಲ್ಲಿ ಕೆಂಪಣ್ಣ ಏನೋ ಜೋಕು ಹೇಳಿದರು, ನಕ್ಕೆ, ಎಡಹುಬ್ಬು ಮರೆತೆ.

ಪ್ಲಾಸ್ಟರ್ ಬಿಸಿಯಾಯಿತು, ಗಟ್ಟಿಯಾಯಿತು. ಎಳೆದರೆ ಬರಲೊಲ್ಲದು. ಒಳಗಿನಿಂದ "ಹ್ಞೂಂ! ಹ್ಞೂಂ!" ಎಂಬ ಸದ್ದು. ಗೌಡರು ಓಡಿ ಬಂದು, ಅಂಚಿನಿಂದ ಬ್ಲೇಡು ತೂರಿಸಿ ಹುಬ್ಬನ್ನು ಬುಡದಲ್ಲೇ ಕತ್ತರಿಸಿದರು. ಅಚ್ಚು ಬಹಳ ಚೆನ್ನಾಗಿ ಬಂದಿತ್ತು. ಅದರೊಳಗೆ ಒಂದು ಪೂರ್ತಿ ಹುಬ್ಬೂ ಇತ್ತು.

ಕೆಂಪಣ್ಣ ಕನ್ನಡಿ ನೋಡಿಕೊಂಡು, "ಅಯ್ಯೋ ಗೌಡ್ರೇ! ನನ್ನ ಅರ್ಧ ಆಕ್ಟಿಂಗು ಇದ್ರಲ್ಲೇ ಇತ್ತು!" ಎಂದು ಕೂಗಿಕೊಂಡರು. ಆ ತಿಂಗಳು ಅವರು ಮೂರು ಚಿತ್ರಗಳಲ್ಲಿ ಅಭಿನಯಿಸುತ್ತಿದ್ದರು. ನಾನು ಅಳುತ್ತಲೇ ಅಚ್ಚಿನಿಂದ ಕೂದಲನ್ನು ಒಂದೊಂದಾಗಿ ಬಿಡಿಸಿಕೊಂಡು, ಬಲೆಗೆ ಗಂಟು ಹಾಕಿ, ಅವರದೇ ಹುಬ್ಬನ್ನು ಅವರಿಗೆ ಮರಳಿ ಕಟ್ಟಿಕೊಟ್ಟೆ. ಹೊಸ ಹುಬ್ಬು ಬೆಳೆಯುವವರೆಗೆ ದಿನವೂ ಅವರು ಹೋದ ಸೆಟ್ಟಿಗೆಲ್ಲ ಹೋಗಿ ಅದನ್ನು ಅಂಟಿಸಿದೆ. ಒಂದು ದಿನ ಅವಸರದಲ್ಲಿ ಸ್ವಲ್ಪ ಮೇಲಕ್ಕೆ ಅಂಟಿಸಿದ್ದೆ. ತಾಯಿ ತೀರಿಕೊಂಡ ದೃಶ್ಯ. ಆ ಚಿತ್ರದಲ್ಲಿ ಇವತ್ತಿಗೂ ನೋಡಬಹುದು, ಕೆಂಪಣ್ಣನ ಅರ್ಧ ಮುಖ ಗೋಳಾಡುತ್ತದೆ, ಇನ್ನರ್ಧ "ಹೌದಾ?" ಎಂದು ಕೇಳುತ್ತದೆ. ಒಬ್ಬ ವಿಮರ್ಶಕರು ಅದನ್ನೇ ಸೂಕ್ಷ್ಮ ಅಭಿನಯ ಎಂದು ಬರೆದರು. ಕೆಂಪಣ್ಣ ಆ ಪತ್ರಿಕೆಯನ್ನು ತಂದು ನನ್ನ ಮುಂದೆ ಹಿಡಿದು, "ನೀಲಮ್ಮ, ಇನ್ಮೇಲೆ ನೀನಿಲ್ದೆ ನಾನು ಮೇಕಪ್ ಕುರ್ಚಿ ಮೇಲೆ ಕೂರಲ್ಲ," ಎಂದರು. ಹಾಗೇ ನಡೆದುಕೊಂಡರು ಕೂಡ. ನೀವು ಮಾತ್ರ ವ್ಯಾಸಲೀನ್ ಬಳಿಯುವಾಗ ಯಾರ ಜೋಕಿಗೂ ನಗಬೇಡಿ.

ಇನ್ನೊಂದು ತಪ್ಪು ಹೇಳಿಬಿಡುತ್ತೇನೆ. ಬಸವನಗುಡಿಯ ಒಂದು ಹಳೆಯ ಬಂಗಲೆಯಲ್ಲಿ ಶೂಟಿಂಗ್. ಬೆಂಕಿ ಅನಾಹುತದಲ್ಲಿ ಬದುಕಿದವನ ಪಾತ್ರ ಅದೇ ನಂಜುಂಡನದು. ಬೆಳಗಿನಿಂದ ಕೂತು ಅವನ ಬಲಗೈಗೆ ಭುಜದವರೆಗೆ ಸುಟ್ಟ ಗಾಯ ಮಾಡಿದ್ದೆ. ಸಂಜೆ ಲೈಟು ಕೆಟ್ಟು ಕೆಲಸ ನಿಂತಿತು. ನಂಜುಂಡನಿಗೆ ಹಸಿವು. ಯಾರಿಗೂ ಹೇಳದೆ ವಿಶ್ವೇಶ್ವರಪುರಂ ತಿಂಡಿ ಬೀದಿಗೆ ನಡೆದುಹೋಗಿ, ದೋಸೆ ಕಾವಲಿಯ ಪಕ್ಕದಲ್ಲೇ ನಿಂತು ತಿನ್ನತೊಡಗಿದ್ದಾನೆ. ಯಾರೋ ಹೆಂಗಸು ಅವನ ಕೈ ನೋಡಿ ಕಿರುಚಿದರು. ಕಾವಲಿಯ ಎಣ್ಣೆ ಬಿತ್ತು ಎಂದು ಒಬ್ಬರು ಹೇಳಿದರು, ಎಲ್ಲರೂ ಅದನ್ನೇ ಹೇಳಿದರು. ದೋಸೆಯವನು ಕಂಗಾಲಾಗಿ, ತಾನೇ ಅವನನ್ನು ಆಟೋದೊಳಗೆ ನೂಕಿ ಆಸ್ಪತ್ರೆಗೆ ಕರೆದೊಯ್ದ. "ಬಾಯಿ ತುಂಬ ದೋಸೆ ಇತ್ತಕ್ಕ, ಏನೂ ಇಲ್ಲ ಅಂತ ಹೇಳೋಕೂ ಆಗ್ಲಿಲ್ಲ," ಎಂದು ನಂಜುಂಡ ಆಮೇಲೆ ಹೇಳಿದ.

ಸುದ್ದಿ ತಿಳಿದು ನಾನು ಆಸ್ಪತ್ರೆಗೆ ಓಡಿದಾಗ, ನಡುವಯಸ್ಸಿನ ವೈದ್ಯೆಯೊಬ್ಬರು ನನ್ನ ಗಾಯವನ್ನು ಇಕ್ಕಳದಿಂದ ಸುಲಿದು ತಟ್ಟೆಯಲ್ಲಿಟ್ಟು ನೋಡುತ್ತಿದ್ದರು.

"ಇದನ್ನ ಮಾಡಿದ್ದು ನೀವಾ?"

"ಹೌದು ಡಾಕ್ಟ್ರೇ. ತಪ್ಪಾಯ್ತು."

"ತಪ್ಪಾಗಿರೋದು ನಿಜ. ಸುಟ್ಟ ಗಾಯ ಹೀಗಿರಲ್ಲ. ಎಲ್ಲಾ ಕಡೆ ಒಂದೇ ಕೆಂಪು ಬಳಿದಿದೀರಿ. ಆಳಕ್ಕೆ ಸುಟ್ಟ ಕಡೆ ಬೆಳ್ಳಗೆ, ಒಣಗಿದ ಹಾಗಿರುತ್ತೆ. ಕೆಂಪು, ಬೊಬ್ಬೆ ಎಲ್ಲ ಅಂಚಿಗೆ." ಅವರು ಕಪಾಟಿನಿಂದ ದಪ್ಪ ಪುಸ್ತಕವೊಂದನ್ನು ತೆಗೆದರು. "ಭಾನುವಾರ ಬನ್ನಿ. ಚಿತ್ರ ತೋರಿಸ್ತೀನಿ."

ಎಷ್ಟೋ ಭಾನುವಾರ ಹೋದೆ. ಗಾಯ ಮೊದಲ ದಿನ ಹೇಗಿರುತ್ತದೆ, ನಾಲ್ಕನೆಯ ದಿನ ಹೇಗೆ, ಮಾಯುವಾಗ ಯಾವ ಬಣ್ಣ ಎಂದು ಬರೆದುಕೊಂಡೆ. ಅಲ್ಲಿಯವರೆಗೆ ನಾನು ಮಾಡುತ್ತಿದ್ದದ್ದು ನಾಟಕದ ಗಾಯ. ಆ ಸಂಜೆ ಮಾತ್ರ ನಿರ್ದೇಶಕರಿಂದ ಚೆನ್ನಾಗಿ ಬೈಸಿಕೊಂಡೆ, ಕೈಯನ್ನು ಮತ್ತೆ ಮೊದಲಿನಿಂದ ಮಾಡಬೇಕಾಯಿತು. ನಂಜುಂಡ ಪಕ್ಕದಲ್ಲಿ ಕೂತು ಇನ್ನೊಂದು ಕೈಯಿಂದ ದೋಸೆ ತಿನ್ನುತ್ತಿದ್ದ. ಯಾರಿಗೂ ಏನೂ ಆಗಿಲ್ಲ ಎಂಬ ಸಂತೋಷಕ್ಕೆ ದೋಸೆಯವನು ನಮ್ಮೆಲ್ಲರಿಗೂ ಪಾರ್ಸೆಲ್ ಕಳಿಸಿದ್ದ. ಗಾಯ ಮಾಡಿಸಿಕೊಂಡವರನ್ನು ಟವಲ್ ಹೊದಿಸದೆ ಹೊರಗೆ ಬಿಡಬಾರದೆಂಬ ನಿಯಮವನ್ನು ಗೌಡರು ಅಂದೇ ಮಾಡಿದರು.

ನಿಮ್ಮ ಕಾಲ ಬೇರೆ. ಮೇಣ ಹೋಗಿ ರಬ್ಬರ್ ಬಂತು, ರಬ್ಬರ್ ಹೋಗಿ ಸಿಲಿಕೋನ್ ಬಂತು. ಸಿಲಿಕೋನ್ ಚರ್ಮ ಒತ್ತಿದರೆ ನಿಜವಾದ ಚರ್ಮದಂತೆ ಒಳಕ್ಕೆ ಹೋಗುತ್ತದೆ, ಅದನ್ನು ಮೊದಲ ಸಲ ಮುಟ್ಟಿದ ದಿನ ನಾನು ಮಗುವಿನ ಕೆನ್ನೆಯಂತೆ ಹಿಂಡುತ್ತಲೇ ಕೂತಿದ್ದೆ. ಈಗಿನ ಕ್ಯಾಮೆರಾ ಒಂದು ಕೂದಲಿನ ಗಂಟನ್ನೂ ಬಿಡದೆ ತೋರಿಸುತ್ತದೆ. ರಕ್ತವನ್ನು ಕಂಪ್ಯೂಟರಿನಲ್ಲೇ ಚಿಮ್ಮಿಸುತ್ತಾರೆ. ಅದರಲ್ಲಿ ಬೇಸರಪಡುವಂಥದ್ದೇನೂ ನನಗೆ ಕಾಣುವುದಿಲ್ಲ. ಆದರೆ ನಟನೊಬ್ಬ ಕನ್ನಡಿಯಲ್ಲಿ ತನ್ನ ಗಾಯ ತಾನೇ ನೋಡಿ ಒಂದು ಕ್ಷಣ ಉಸಿರು ಹಿಡಿಯುತ್ತಾನಲ್ಲ, ಅದು ಕಂಪ್ಯೂಟರಿನಿಂದ ಆಗುವುದಿಲ್ಲ.

ಸೇರಿ ಹದಿನೆಂಟು ವರ್ಷವಾದ ಮೇಲೆ ಒಂದು ಬೆಳಿಗ್ಗೆ ಗೌಡರ ಕೈಯಲ್ಲಿ ಟೀ ಲೋಟ ನಡುಗುವುದನ್ನು ನೋಡಿದೆ. ಅವರು ಅದನ್ನು ಬೇಗನೆ ಮೇಜಿನ ಮೇಲಿಟ್ಟರು. ನಾನು ಕಂಡೂ ಕಾಣದಂತೆ ಬ್ರಷ್ ತೊಳೆಯತೊಡಗಿದೆ. ಒಂದೇ ಎಳೆತಕ್ಕೆ ಕಣ್ಣಿನ ಕಾಡಿಗೆ ತೀಡುತ್ತಿದ್ದ ಕೈ ಅದು. ನಾಯಕಿ ಇಪ್ಪತ್ತರಿಂದ ಎಪ್ಪತ್ತರ ವಯಸ್ಸಿಗೆ ಹೋಗುವ ಚಿತ್ರವೊಂದನ್ನು ಆಗ ಗೌಡರು ಒಪ್ಪಿಕೊಂಡಿದ್ದರು. ಮುಪ್ಪಿನ ದೃಶ್ಯಗಳ ಎರಡನೆಯ ದಿನ ಮೇಕಪ್ ರೂಮಿನ ಬಾಗಿಲು ಹಾಕಿ, ಬ್ರಷ್ ನನ್ನ ಕೈಗೆ ಕೊಟ್ಟರು.

"ನೀನು ಮಾಡು ಅಮ್ಮಣ್ಣಿ. ನಾನು ಹೇಳ್ತಾ ಹೋಗ್ತೀನಿ."

"ಗೌಡ್ರೇ, ಗೊತ್ತಾದ್ರೆ ನಿಮ್ಮ ಕಾರ್ಡು…"

"ಮಾಡು ಅಂದ್ನಲ್ಲ."

ನಾಯಕಿಯ ಚರ್ಮವನ್ನು ಬೆರಳಿನಿಂದ ಎಳೆದು ಹಿಡಿದು, ದ್ರವ ರಬ್ಬರ್ ತೆಳುವಾಗಿ ಹಚ್ಚಿ, ಗಾಳಿ ಹಾಕಿ ಒಣಗಿಸಿ ಬಿಟ್ಟರೆ ಸುಕ್ಕು ತಾನೇ ಮೂಡುತ್ತದೆ. ನಲವತ್ತು ದಿನ ಮುಚ್ಚಿದ ಬಾಗಿಲ ಹಿಂದೆ ನಾನು ಆಕೆಯನ್ನು ಮುದುಕಿ ಮಾಡಿದೆ. ಚಿತ್ರ ಗೆದ್ದಿತು. ಆ ಹೆಣ್ಣುಮಗಳು ಸಂತೋಷದಲ್ಲಿ ಪತ್ರಿಕೆಯವರಿಗೆ, "ನನ್ನ ಮುಪ್ಪೆಲ್ಲ ನೀಲಮ್ಮನ ಕೈಚಳಕ," ಎಂದುಬಿಟ್ಟಳು. ಮಾರನೆಯ ದಿನವೇ ಸಂಘದಿಂದ ನಮ್ಮಿಬ್ಬರಿಗೂ ಕರೆ.

ಉದ್ದನೆಯ ಮೇಜು. ಆಚೆ ಆರು ಮಂದಿ ಮೇಕಪ್‌ಮ್ಯಾನ್‌ಗಳು, ನಡುವೆ ಕಾರ್ಯದರ್ಶಿಗಳು. "ಗೌಡ್ರೇ, ಒಂದೇ ಮಾತು ಹೇಳಿ. ಕೆಲಸ ನಿಮ್ಮದಾ, ಅವರದಾ?"

ನನ್ನದೇ ಎಂದು ಗೌಡರು ಹೇಳಿದ್ದರೆ ಎಲ್ಲವೂ ಅಲ್ಲಿಗೇ ಮುಗಿಯುತ್ತಿತ್ತು. ಹೇಳಲಿ ಎಂದೇ ನಾನು ಬೇಡಿಕೊಳ್ಳುತ್ತಿದ್ದೆ. ಅವರು ಜೇಬಿನಿಂದ ಬಲಗೈ ತೆಗೆದು ಮೇಜಿನ ಮೇಲೆ ಚಾಚಿದರು. ಬೆರಳುಗಳು ಎಲೆಯಂತೆ ಅದುರುತ್ತಿದ್ದವು.

"ನೀವೆಲ್ಲ ಕೆಲಸ ಬಲ್ಲೋರು. ಈ ಕೈ ಮಾಡೋ ಕೆಲ್ಸಾನಾ ಅದು? ನೀವೇ ಹೇಳಿ."

ಆ ಕೈಯನ್ನು ತೋರಿಸಿದ ಮೇಲೆ ಇನ್ನು ಯಾರೂ ಅವರನ್ನು ಕೆಲಸಕ್ಕೆ ಕರೆಯುವುದಿಲ್ಲವೆಂದು ಅಲ್ಲಿದ್ದ ಎಲ್ಲರಿಗೂ ಗೊತ್ತಿತ್ತು. ನನ್ನ ಕಣ್ಣು ಮಂಜಾಯಿತು. ಕಾರ್ಯದರ್ಶಿಗಳು ಮುಂದಿದ್ದ ಕಾಗದ ಮಡಚಿಟ್ಟು, "ಸೋಮವಾರ ಬಾಮ್ಮ. ಟೆಸ್ಟ್ ಕೊಡು. ಎಲ್ರಿಗೂ ಕೊಡೋ ಟೆಸ್ಟೇ," ಎಂದರು.

ಗಾಯ, ಬೋಳು, ಗಡ್ಡ, ಮುಪ್ಪು, ಏನು ಕೇಳಿದರೂ ಸರಿ ಎಂದು ಪೆಟ್ಟಿಗೆ ತುಂಬಿಕೊಂಡು ಹೋದೆ. ಕುರ್ಚಿಯಲ್ಲಿ ಲಕ್ಷಣವಾದ ಒಬ್ಬ ಹುಡುಗಿ ಕೂತಿದ್ದಳು. "ಮದುಮಗಳು. ಸಾದಾ ಮೇಕಪ್," ಎಂದರು.

ಆಗ ಹೊಳೆಯಿತು. ಹದಿನೆಂಟು ವರ್ಷದಲ್ಲಿ ನಾನು ಒಂದೇ ಒಂದು ಚೆಂದದ ಮುಖಕ್ಕೂ ಮೇಕಪ್ ಮಾಡಿರಲಿಲ್ಲ! ಕೈ ತಾನಾಗಿ ಕಣ್ಣಿನ ಕೆಳಗೆ ನೆರಳು ಹಾಕಿತು, ಕೆನ್ನೆ ಒಳಕ್ಕೆ ಹೋಯಿತು. ತಿದ್ದಿದಷ್ಟೂ ಕೆಟ್ಟಿತು. ಮುಗಿಸಿ ಪಕ್ಕಕ್ಕೆ ಸರಿದಾಗ ಒಬ್ಬರು ಕನ್ನಡಕ ಏರಿಸಿಕೊಂಡು ನೋಡಿ, "ಮದುಮಗಳಿಗೆ ಟೈಫಾಯ್ಡಾ?" ಎಂದು ಕೇಳಿದರು. ಹುಡುಗಿ ಕನ್ನಡಿ ನೋಡಿ ಅಳತೊಡಗಿದಳು. ನಾನು ಫೇಲು.

ಎನ್.ಆರ್. ಕಾಲೋನಿಯ ಗೌಡರ ಮನೆಗೆ ಹೋಗಿ ಹೇಳಿದೆ. ಅವರು ಮೊದಲು ಹೊಟ್ಟೆ ಹಿಡಿದುಕೊಂಡು ನಕ್ಕರು, ಆಮೇಲೆ ಗಂಭೀರವಾದರು. "ಇಷ್ಟು ವರ್ಷ ನಿನ್ನ ಕೈಗೆ ಒಂದು ನೆಟ್ಟಗಿರೋ ಮುಖ ಕೊಡ್ಲಿಲ್ಲ ನಾನು. ಸಂದಿಗೊಂದಿಯಲ್ಲೇ ನಡೆಸ್ದೆ. ನಾಳೆ ಬೆಳಿಗ್ಗೆ ಪೆಟ್ಟಿಗೆ ತಗೊಂಡು ಬಾ."

"ಮುಖ ಯಾರ್ದು ಗೌಡ್ರೇ?"

"ನನ್ನದೇ. ಇನ್ಯಾರು ಖಾಲಿ ಕೂತವ್ರೆ?"

ಮೂರು ತಿಂಗಳು ದಿನವೂ ಬೆಳಿಗ್ಗೆ, ಅವರ ಮನೆಯ ಮುಂದಿನ ಪಡಸಾಲೆಯಲ್ಲಿ, ಅರವತ್ತು ದಾಟಿದ ಚಿಕ್ಕೇಗೌಡರನ್ನು ನಾನು ಮದುಮಗಳು ಮಾಡಿದೆ. ಸೊಪ್ಪಿನವಳು ಅವರ ತುಟಿಬಣ್ಣ ನೋಡಿ ಬುಟ್ಟಿ ಇಳಿಸುವುದನ್ನೇ ಮರೆತಳು. ಅವರ ಹೆಂಡತಿ ಸಾಕಮ್ಮ ಕಾಫಿ ತಂದು, "ಮದ್ವೆ ದಿನಾನೂ ಇವ್ರು ಹಿಂಗಿರ್ಲಿಲ್ಲ ಕಣಮ್ಮ," ಎಂದು ಸೆರಗು ಬಾಯಿಗೆ ಒತ್ತಿಕೊಂಡು ನಗುತ್ತಿದ್ದರು. ಗೌಡರು ಕನ್ನಡಿ ಹಿಡಿದು ಒಂದೊಂದೂ ತಪ್ಪು ತೋರಿಸುತ್ತಿದ್ದರು. "ಹಚ್ಚೋಕೆ ಅವಸರ ಮಾಡ್ಬೇಡ. ಮುಖದಲ್ಲಿ ಆಗ್ಲೇ ಏನು ಚೆನ್ನಾಗೈತೆ ನೋಡು. ಅದನ್ನ ಮುಟ್ಬೇಡ. ಮಿಕ್ಕಿದ್ದಕ್ಕೆ ಮಾತ್ರ ಕೈ ಹಾಕು." ಅವರ ಮುಖದಲ್ಲಿ ಚೆನ್ನಾಗಿದ್ದದ್ದು ಕಣ್ಣು. ಅದನ್ನು ನಾನು ಅಷ್ಟು ವರ್ಷ ಜೊತೆಗಿದ್ದೂ ನೋಡಿರಲಿಲ್ಲ.

ಎರಡನೆಯ ಟೆಸ್ಟಿನ ದಿನ ಬೇರೊಬ್ಬ ಹುಡುಗಿ ಕೂತಿದ್ದಳು. ಮೊದಲು ಬ್ರಷ್ ಮುಟ್ಟದೆ ಸುಮ್ಮನೆ ಅವಳ ಮುಖ ನೋಡುತ್ತ ನಿಂತೆ. ಅವಳ ಹಣೆ, ಗಲ್ಲ ಎರಡೂ ಚೆನ್ನಾಗಿದ್ದವು, ಬಿಟ್ಟೆ. ಮುಗಿದ ಮೇಲೆ ಅವಳು ಕನ್ನಡಿ ನೋಡಿ, "ಇವತ್ತೇ ಮದ್ವೆ ಮಾಡ್ಕೊಂಬಿಡ್ತೀನಿ," ಎಂದಳು. ಟೈಫಾಯ್ಡ್ ಎಂದಿದ್ದವರೇ ಎದ್ದು ಬಂದು ನನ್ನ ಕಾರ್ಡಿಗೆ ಮೊದಲ ಸಹಿ ಹಾಕಿದರು.

ಕಾರ್ಡ್ ಬಂದ ಮೇಲಿನ ಮೊದಲ ಚಿತ್ರ ಗಾಂಧಿನಗರದ ಥಿಯೇಟರಿನಲ್ಲಿ ಬಿಡುಗಡೆಯಾದಾಗ ಗೌಡರು, ಸಾಕಮ್ಮ, ನಾನು, ನಮ್ಮ ಯಜಮಾನರು ಒಂದೇ ಸಾಲಿನಲ್ಲಿ ಕೂತೆವು. ಅಲ್ಲಿಯವರೆಗೆ ನನ್ನ ಹೆಸರು ಬಂದಿದ್ದದ್ದು ಕೇಶಾಲಂಕಾರದ ಕೆಳಗೆ, ಸಣ್ಣ ಅಕ್ಷರದಲ್ಲಿ. ಛಾಯಾಗ್ರಹಣ ಬಂತು, ಸಂಕಲನ ಬಂತು. ಸಾಕಮ್ಮ ನನ್ನ ಕೈ ಹಿಡಿದುಕೊಂಡರು. ಪರದೆಯ ಮೇಲೆ ದೊಡ್ಡದಾಗಿ ಮೂಡಿತು: "ಪ್ರಸಾಧನ: ನೀಲಪ್ಪ."

ಸಾಕಮ್ಮ ನನ್ನ ಕೈ ಬಿಟ್ಟು ಗೌಡರ ಕಡೆ ತಿರುಗಿದರು. ಆಮೇಲೆ ಗೌಡರ ನಗು ಶುರುವಾಯಿತು. ಕೆಮ್ಮು ಬರುವವರೆಗೆ ನಕ್ಕರು. ಹಿಂದಿನವರು "ಶ್!" ಎಂದರೂ ನಿಲ್ಲಲಿಲ್ಲ. ಕಡೆಗೆ ನಾವು ನಾಲ್ವರೂ ಕಣ್ಣೊರೆಸಿಕೊಳ್ಳುತ್ತಿದ್ದೆವು. ಆಮೇಲೆ ವಿಚಾರಿಸಿದಾಗ ಗೊತ್ತಾದದ್ದು ಇಷ್ಟು: ಟೈಟಲ್ ಬರೆಯುವವರು ಪಟ್ಟಿಯಲ್ಲಿ ನೀಲಮ್ಮ ಎಂದಿದ್ದದ್ದನ್ನು ಕಂಡು, ಯಾರೋ ತಪ್ಪು ಬರೆದಿದ್ದಾರೆಂದು ತಾವೇ ತಿದ್ದಿ ಉಪಕಾರ ಮಾಡಿದ್ದರು.

ಚಿತ್ರ ಓಡಿತು. ಒಂದು ವಾರದ ನಂತರ ಮನೆಯ ಫೋನು ಹೊಡೆದುಕೊಂಡಿತು. ಯಾರೋ ನಿರ್ಮಾಪಕರು.

"ನೀಲಪ್ಪೋರು ಇದಾರಾ? ನಮ್ಮ ಪಿಕ್ಚರ್‌ಗೆ ಒಂದು ಮುಪ್ಪಿನ ಮೇಕಪ್ ಇತ್ತು."

"ಇದೀನಿ, ಹೇಳಿ," ಎಂದೆ.

"ಅಲ್ಲ ಮೇಡಂ, ನೀಲಪ್ಪೋರ ಹತ್ರಾನೇ ಮಾತಾಡ್ಬೇಕಿತ್ತು."

"ಮಾತಾಡ್ತಾನೇ ಇದೀರಲ್ಲ ಸಾರ್. ಯಾರ ಮುಖ, ಎಷ್ಟು ವಯಸ್ಸು ಮಾಡ್ಬೇಕು, ಅದನ್ನ ಹೇಳಿ."